ಫರ್ಮೊರೈಟ್: ಹೆಸರು ಕಳೆದುಕೊಂಡ ಒಂದು ಭಾರತೀಯ ಆರ್ಸೆನೇಟ್ ಖನಿಜದ ಇತಿಹಾಸ

ಭಾರತದ ಖನಿಜವಿಜ್ಞಾನದ ಇತಿಹಾಸದಲ್ಲಿ 1909ನೆಯ ವರ್ಷಕ್ಕೆ ವಿಶೇಷ ಸ್ಥಾನವಿದೆ. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣ ಸಂಸ್ಥೆಯ ಸ್ಮರಣಗ್ರಂಥಮಾಲೆಯ 37ನೆಯ ಸಂಪುಟವಾಗಿ ಲೂಯಿ ಲೀ ಫರ್ಮರ್ ಬರೆದ 'ಭಾರತದ ಮ್ಯಾಂಗನೀಸ್ ಅದಿರಿನ ನಿಕ್ಷೇಪಗಳು' ಎಂಬ ಬೃಹದ್ಗ್ರಂಥ ಆ ವರ್ಷ ಪ್ರಕಟವಾಯಿತು. ಸಾವಿರಕ್ಕೂ ಮಿಕ್ಕಿದ ಪುಟಗಳ ಈ ಕೃತಿಯನ್ನು ಬರೆದಾಗ ಲೇಖಕನಿಗೆ ಮೂವತ್ತು ವರ್ಷವೂ ತುಂಬಿರಲಿಲ್ಲ. ಗ್ರಂಥ ಹೊರಬಂದ ಒಂದೆರಡು ವರ್ಷಗಳಲ್ಲಿಯೇ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿನ ಇಬ್ಬರು ಖನಿಜವಿಜ್ಞಾನಿಗಳು ಭಾರತದ ಮ್ಯಾಂಗನೀಸ್ ನಿಕ್ಷೇಪಗಳಿಂದ ಬಂದ ಎರಡು ಆರ್ಸೆನೇಟ್ ಖನಿಜಗಳನ್ನು ವರ್ಣಿಸಿ, ಅವುಗಳಲ್ಲಿ ಹೊಸದಾಗಿದ್ದ ಒಂದಕ್ಕೆ 'ಫರ್ಮೊರೈಟ್' ಎಂದು ನಾಮಕರಣ ಮಾಡಿದರು. ಸರಿಸುಮಾರು ನೂರು ವರ್ಷ ಆ ಹೆಸರು ಪಠ್ಯಗಳಲ್ಲಿ, ಕೋಶಗಳಲ್ಲಿ, ವಸ್ತುಸಂಗ್ರಹಾಲಯಗಳ ಚೀಟಿಗಳಲ್ಲಿ ಉಳಿದುಬಂದಿತು. 2010ರಲ್ಲಿ ಅಂತರರಾಷ್ಟ್ರೀಯ ನಾಮಕರಣ ವ್ಯವಸ್ಥೆ ಅದನ್ನು ಕೈಬಿಟ್ಟಿತು.

ಈ ಖನಿಜ ಏನು, ಎಲ್ಲಿ ದೊರೆಯಿತು, ಅದರ ಹೆಸರು ಏಕೆ ಹೋಯಿತು ಎಂಬುದನ್ನು ವಿವರಿಸುವುದು ಪ್ರಸ್ತುತ ಪ್ರಬಂಧದ ಉದ್ದೇಶ. ಇದರ ಜೊತೆಗೆ ಇನ್ನೊಂದು ಪ್ರಶ್ನೆಯೂ ಇದೆ. ಒಂದು ಖನಿಜದ ಹೆಸರು ಬದಲಾದಾಗ, ಆ ಹೆಸರಿನ ಮೂಲಕ ಪರಸ್ಪರ ಜೋಡಣೆಗೊಂಡಿದ್ದ ಊರು, ಗಣಿ, ಮಾದರಿ ಹಾಗೂ ಬರೆಹಗಳ ಸಂಬಂಧ ಏನಾಗುತ್ತದೆ? ನಮ್ಮ ಗ್ರಂಥಾಲಯಗಳಿಗೂ ಸಂಗ್ರಹಾಲಯಗಳಿಗೂ ಇದು ನೇರವಾಗಿ ತಾಗುವ ಪ್ರಶ್ನೆ.

ಮ್ಯಾಂಗನೀಸ್ ಯುಗ ಮತ್ತು ಫರ್ಮರ್

ಭಾರತದಲ್ಲಿ ಮ್ಯಾಂಗನೀಸ್ ಗಣಿಗಾರಿಕೆ 1892ರಲ್ಲಿ ಅಂದಿನ ವಿಶಾಖಪಟ್ಟಣ ಜಿಲ್ಲೆಯಲ್ಲಿ ಆರಂಭವಾಯಿತು. ಶತಮಾನ ತಿರುಗುವ ಹೊತ್ತಿಗೆ ಅದು ಮಧ್ಯಪ್ರಾಂತ್ಯದ ನಾಗಪುರ, ಭಂಡಾರಾ, ಬಾಲಾಘಾಟ್, ಛಿಂದ್ವಾಡಾ ಜಿಲ್ಲೆಗಳಿಗೆ ಹಬ್ಬಿತು. ಉಕ್ಕಿನ ತಯಾರಿಕೆಗೆ ಮ್ಯಾಂಗನೀಸ್ ಅನಿವಾರ್ಯವಾಗಿದ್ದ ಕಾಲ ಅದು. ಯುರೋಪು ಮತ್ತು ಅಮೆರಿಕದ ಕುಲುಮೆಗಳಿಗೆ ಅದಿರು ಒದಗಿಸುವಲ್ಲಿ ಭಾರತ ರಷ್ಯಾದೊಂದಿಗೆ ಸರಿಸಾಟಿಯಾಗಿ ನಿಂತಿತು. ಅದಿರು ಹಡಗು ಹತ್ತಿ ಹೋಗುತ್ತಿದ್ದ ವೇಗಕ್ಕೆ ತಕ್ಕಂತೆ ಅದರ ಶಾಸ್ತ್ರೀಯ ಅಧ್ಯಯನ ನಡೆದಿರಲಿಲ್ಲ. 1880ರಲ್ಲಿ ಲಂಡನ್ನಿನಲ್ಲಿ ಹುಟ್ಟಿ, 1902ರಲ್ಲಿ ಸರ್ವೇಕ್ಷಣ ಸಂಸ್ಥೆಯನ್ನು ಸೇರಿದ ಫರ್ಮರ್‌ನ ಪಾಲಿಗೆ ಈ ಕೆಲಸ ಬಂದದ್ದು ಭಾರತೀಯ ಖನಿಜವಿಜ್ಞಾನದ ಸುದೈವವೆಂದೇ ಹೇಳಬೇಕು.

ಫರ್ಮರ್ ಕಂಡ ಪ್ರತಿಯೊಂದಕ್ಕೂ ಹೆಸರಿಟ್ಟವನು. ಮಧ್ಯಭಾರತದ ಝಾಬುವಾ ಸಂಸ್ಥಾನದ ಕಜಲೀಡೋಂಗ್ರಿ ಗಣಿಯ ಒಂದು ಖನಿಜಕ್ಕೆ ಸಂಸ್ಥೆಯ ನಿರ್ದೇಶಕ ಥಾಮಸ್ ಹಾಲೆಂಡನ ಹೆಸರಿನಲ್ಲಿ 'ಹಾಲಂಡೈಟ್' ಎಂದೂ, ಅದೇ ಗಣಿಯ ಮತ್ತೊಂದಕ್ಕೆ ಅದನ್ನು ಕಂಡುಹಿಡಿದ ವಿಂಚ್‌ನ ಹೆಸರಿನಲ್ಲಿ 'ವಿಂಚೈಟ್' ಎಂದೂ ಹೆಸರಿಟ್ಟ. ಸಹೋದ್ಯೋಗಿ ವ್ರೆಡೆನ್‌ಬರ್ಗ್‌ನ ಹೆಸರಿನಲ್ಲಿ 'ವ್ರೆಡೆನ್‌ಬರ್ಗೈಟ್', ಹಿರಿಯ ಭೂವಿಜ್ಞಾನಿ ಬ್ಲಾನ್‌ಫರ್ಡ್‌ನ ಹೆಸರಿನಲ್ಲಿ 'ಬ್ಲಾನ್‌ಫರ್ಡೈಟ್', ಸೀತಾಪಾರ್ ಊರಿನ ಹೆಸರಿನಲ್ಲಿ 'ಸೀತಾಪರೈಟ್' ಬಂದವು. ಶಿಲೆಗಳಿಗೂ ಇದೇ ಉಪಚಾರ ಸಂದಿತು. ಮ್ಯಾಂಗನೀಸ್ ಗಾರ್ನೆಟ್ ಮತ್ತು ಬೆಣಚುಕಲ್ಲು ಸೇರಿದ ರೂಪಾಂತರ ಶಿಲೆಗೆ ಆ ನೆಲದ ಗೊಂಡ ಜನರ ನೆನಪಿಗೆ 'ಗೊಂಡೈಟ್' ಎಂದೂ, ಕೋಡೂರು ಗಣಿಯ ಶಿಲೆಗೆ 'ಕೋಡುರೈಟ್' ಎಂದೂ ಕರೆದ. ಊರಿನ ಹೆಸರನ್ನೂ ಬುಡಕಟ್ಟಿನ ಹೆಸರನ್ನೂ ಜಗತ್ತಿನ ಶಿಲಾಶಾಸ್ತ್ರದ ಪದಕೋಶಕ್ಕೆ ಸೇರಿಸಿದ್ದು ಆ ಕಾಲದ ವಸಾಹತು ಅಧಿಕಾರಿಗಳಲ್ಲಿ ಎಲ್ಲರೂ ಮಾಡಿದ ಕೆಲಸವಲ್ಲ ಎಂಬುದನ್ನು ಇಲ್ಲಿ ಗಮನಿಸಬೇಕು.

ಕರ್ನಾಟಕದ ಓದುಗರಿಗೂ ಈ ಗ್ರಂಥ ಹೊರಗಿನದಲ್ಲ. ಸಂಡೂರಿನ ಬೆಟ್ಟಗಳ ಮತ್ತು ಶಿವಮೊಗ್ಗ ಸೀಮೆಯ ಮ್ಯಾಂಗನೀಸ್ ನಿಕ್ಷೇಪಗಳೂ ಅದರ ವ್ಯಾಪ್ತಿಯೊಳಗಿವೆ. ಮೂಲಶಿಲೆ ಮೇಲ್ಮೈಯಲ್ಲಿ ಶಿಥಿಲಗೊಂಡು, ಜಂಬಿಟ್ಟಿಗೆಯನ್ನು ಹೋಲುವ ರೀತಿಯಲ್ಲಿ ಅದಿರಾಗಿ ಮಾರ್ಪಟ್ಟ ಇಂಥ ನಿಕ್ಷೇಪಗಳನ್ನು ಸೂಚಿಸಲು 'ಲ್ಯಾಟರಿಟಾಯ್ಡ್' ಎಂಬ ಪದವನ್ನು ಚಲಾವಣೆಗೆ ತಂದವನು ಫರ್ಮರನೇ. ಆದರೆ ಪ್ರಸ್ತುತ ಖನಿಜ ಈ ಬಗೆಯ ನಿಕ್ಷೇಪಕ್ಕೆ ಸೇರಿದುದಲ್ಲ. ಅದು ಹುಟ್ಟಿದ್ದು ಭೂಗರ್ಭದ ಶಾಖ ಮತ್ತು ಒತ್ತಡಗಳಿಗೆ ಸಿಕ್ಕಿ ಬೆಂದ ಮಧ್ಯಭಾರತದ ಸೌಸರ್ ಶಿಲಾಸಮೂಹದಲ್ಲಿ.

ಖನಿಜದ ಸ್ವರೂಪ

ಫರ್ಮೊರೈಟಿನ ಮೂಲಸ್ಥಳ ಛಿಂದ್ವಾಡಾ ಜಿಲ್ಲೆಯ ಸೀತಾಪಾರ್. ಉತ್ತರ ಪ್ರದೇಶದ ಸೀತಾಪುರದೊಂದಿಗೆ ಇದನ್ನು ಬೆರೆಸಬಾರದು. ಕಪ್ಪು ಅದಿರಿನ ನಡುವೆ ನಸುಗೆಂಪು ಛಾಯೆಯ ಬಿಳಿ ಬಣ್ಣದಲ್ಲಿ, ಕಣಕಣವಾಗಿ ಒತ್ತಿಕೊಂಡ ಮುದ್ದೆಯಂತೆ ಅದು ಕಂಡುಬಂದಿತು. ಕಣ್ಸೆಳೆಯುವ ಸ್ಫಟಿಕಗಳಿಲ್ಲ. ಮೋಸ್ ಮಾನದಲ್ಲಿ ಕಾಠಿಣ್ಯ 5, ಅಂದರೆ ಚಾಕುವಿನ ಮೊನೆಗೆ ಕಷ್ಟದಿಂದ ಗೀರುಬೀಳುವಷ್ಟು. ಸಾಪೇಕ್ಷ ಸಾಂದ್ರತೆ ಸುಮಾರು 3.5. ಮೇಲ್ನೋಟಕ್ಕೆ ಸಾಮಾನ್ಯ ಅಪಟೈಟಿನಂತೆಯೇ ತೋರುವ ಈ ಕಲ್ಲನ್ನು ಕೈಯಲ್ಲಿ ತೂಗಿ ನೋಡಿದವರಿಗೆ ಮಾತ್ರ ಅದರ ಹೆಚ್ಚಿನ ಭಾರ ಸಂದೇಹ ಹುಟ್ಟಿಸೀತು. ಸಾಮಾನ್ಯ ಅಪಟೈಟಿನ ಸಾಂದ್ರತೆ 3.2ರ ಆಸುಪಾಸಿನಲ್ಲಿದೆ. ಈ ವ್ಯತ್ಯಾಸಕ್ಕೆ ಕಾರಣ ಆರ್ಸೆನಿಕ್ ಮತ್ತು ಸ್ಟ್ರಾನ್ಷಿಯಂ ಎಂಬ ಎರಡು ಭಾರವಾದ ಧಾತುಗಳು.

ಇದನ್ನು ಪರಿಶೀಲಿಸಿದ ಇಬ್ಬರ ಪರಿಚಯ ಇಲ್ಲಿ ಅಗತ್ಯ. ಸ್ಫಟಿಕಗಳ ಮಾಪನದಲ್ಲಿ ನುರಿತವನಾಗಿದ್ದ ಜಾರ್ಜ್ ಹರ್ಬರ್ಟ್ ಸ್ಮಿತ್ ಮುಂದೆ ರತ್ನಗಳ ಕುರಿತ ಗ್ರಂಥದಿಂದಲೂ, ರತ್ನಪರೀಕ್ಷೆಯ ವಕ್ರೀಭವನಮಾಪಕದಿಂದಲೂ ಪ್ರಸಿದ್ಧನಾದವನು. ಜಾರ್ಜ್ ಥರ್ಲೆಂಡ್ ಪ್ರಯರ್ ರಾಸಾಯನಿಕ ವಿಶ್ಲೇಷಣೆಯಲ್ಲಿ ಪಳಗಿದವನು. ಉಲ್ಕಾಶಿಲೆಗಳಲ್ಲಿ ಕಬ್ಬಿಣ ಮತ್ತು ನಿಕ್ಕಲ್‌ಗಳ ಸಂಬಂಧವನ್ನು ಹೇಳುವ ನಿಯಮಗಳು ಇಂದಿಗೂ ಇವನ ಹೆಸರಿನಲ್ಲಿವೆ. ಇವರಿಬ್ಬರ ಜಂಟಿ ಪ್ರಬಂಧ 1911ರಲ್ಲಿ ಲಂಡನ್ನಿನ 'ಮಿನರಲಾಜಿಕಲ್ ಮ್ಯಾಗಜೀನ್' ಪತ್ರಿಕೆಯ 16ನೆಯ ಸಂಪುಟದಲ್ಲಿ ಅಚ್ಚಾಯಿತು. ಅದರ ಶೀರ್ಷಿಕೆಯಲ್ಲಿಯೇ ಹೊಸ ಖನಿಜವನ್ನು ಕ್ಯಾಲ್ಸಿಯಂ ಮತ್ತು ಸ್ಟ್ರಾನ್ಷಿಯಂಗಳ ಆರ್ಸೆನೇಟ್ ಹಾಗೂ ಫಾಸ್ಫೇಟ್ ಎಂದು ಸೂಚಿಸಲಾಗಿತ್ತು. ವಿಶ್ಲೇಷಣೆಯ ಪ್ರಕಾರ ತೂಕದಲ್ಲಿ ಐದರಲ್ಲಿ ಎರಡು ಭಾಗದಷ್ಟು ಸುಣ್ಣ, ಹತ್ತರಲ್ಲಿ ಒಂದು ಭಾಗದಷ್ಟು ಸ್ಟ್ರಾನ್ಷಿಯಂ ಆಕ್ಸೈಡ್, ಉಳಿದ ಬಹುಭಾಗ ಆರ್ಸೆನಿಕ್ ಮತ್ತು ರಂಜಕಗಳ ಆಕ್ಸೈಡುಗಳು, ಜೊತೆಗೆ ತುಸು ಫ್ಲೋರಿನ್. ಆರ್ಸೆನಿಕ್ ಮತ್ತು ರಂಜಕ ಇವೆರಡೂ ಹತ್ತಿರಹತ್ತಿರದ ಪ್ರಮಾಣದಲ್ಲಿ ಒಂದೇ ಖನಿಜದಲ್ಲಿ ಕೂಡಿದ್ದುದು, ಮೇಲಾಗಿ ಇಷ್ಟೊಂದು ಸ್ಟ್ರಾನ್ಷಿಯಂ ಇದ್ದುದು ಅಂದಿಗೆ ಹೊಸ ಸಂಗತಿ.

ಇದು ಸಾಧ್ಯವಾಗುವ ಬಗೆಯನ್ನು ಸ್ವಲ್ಪ ವಿವರಿಸಬೇಕು. ರಂಜಕದ ಒಂದು ಪರಮಾಣು ಆಮ್ಲಜನಕದ ನಾಲ್ಕು ಪರಮಾಣುಗಳ ನಡುವೆ ಕುಳಿತಾಗ ಫಾಸ್ಫೇಟ್ ಎಂಬ ಚತುರ್ಮುಖಿಯಾಗುತ್ತದೆ. ರಂಜಕದ ಸ್ಥಾನದಲ್ಲಿ ಆರ್ಸೆನಿಕ್ ಕುಳಿತರೆ ಅದೇ ಆಕಾರದ, ಅದೇ ವಿದ್ಯುದಂಶದ ಆರ್ಸೆನೇಟ್ ಆಗುತ್ತದೆ. ಆವರ್ತಕೋಷ್ಟಕದಲ್ಲಿ ಈ ಎರಡು ಧಾತುಗಳು ಒಂದರ ಕೆಳಗೊಂದು ಇರುವುದರಿಂದ ಈ ಸಾದೃಶ್ಯ. ಗಾತ್ರದಲ್ಲಿ ಮಾತ್ರ ತುಸು ಭೇದವಿದೆ. ರಂಜಕದಿಂದ ಆಮ್ಲಜನಕಕ್ಕೆ ಸುಮಾರು 1.53 ಆಂಗ್‌ಸ್ಟ್ರಾಂ ದೂರವಾದರೆ ಆರ್ಸೆನಿಕ್‌ನಿಂದ ಸುಮಾರು 1.68. ಅಪಟೈಟಿನ ಜಾಲರಿ ಈ ಹಿಗ್ಗುವಿಕೆಯನ್ನು ಸಹಿಸಿಕೊಳ್ಳುತ್ತದೆ. ವರ್ನರ್ 1786ರಲ್ಲಿ ಅಪಟೈಟಿಗೆ ಇಟ್ಟ ಹೆಸರಿನ ಗ್ರೀಕ್ ಮೂಲಕ್ಕೆ 'ಮೋಸಗೊಳಿಸು' ಎಂಬ ಅರ್ಥವಿದೆ. ಇದೇ ಕುಟುಂಬದ ಸೀಸದ ಆರ್ಸೆನೇಟಿಗೆ ಇರುವ ಮಿಮೆಟೈಟ್ ಎಂಬ ಹೆಸರಿನ ಮೂಲದಲ್ಲಿ 'ಅನುಕರಿಸುವವನು' ಎಂಬ ಅರ್ಥವಿದೆ. ವೇಷಧಾರಿಗಳ ಈ ಮನೆತನಕ್ಕೆ ಫರ್ಮೊರೈಟ್ ಸೇರಿದ್ದು ಅದರ ಗುಣಕ್ಕೆ ತಕ್ಕುದಾಗಿಯೇ ಇದೆ.

ಪ್ರಾಸಂಗಿಕವಾಗಿ ಒಂದು ಮಾತು. ಇದೇ ಸಾದೃಶ್ಯ ಜೀವಿಗಳ ಪಾಲಿಗೆ ವಿಷ. ನಮ್ಮ ಮೂಳೆ ಮತ್ತು ಹಲ್ಲುಗಳ ಖನಿಜಾಂಶ ಅಪಟೈಟ್ ಜಾತಿಯದು. ಜೀವಕೋಶ ಶಕ್ತಿಯನ್ನು ಕೂಡಿಡುವುದೂ ಫಾಸ್ಫೇಟಿನ ಬಂಧಗಳ ಮೂಲಕ. ಆರ್ಸೆನೇಟ್ ಅಲ್ಲಿ ಫಾಸ್ಫೇಟಿನ ಸ್ಥಾನವನ್ನು ಹಿಡಿದಾಗ ಉಂಟಾಗುವ ಸಂಯುಕ್ತ ಕ್ಷಣದಲ್ಲಿ ಒಡೆದುಹೋಗಿ ಶಕ್ತಿಯ ಸಂಗ್ರಹ ನಿಷ್ಫಲವಾಗುತ್ತದೆ. ಕಲ್ಲಿನಲ್ಲಿ ಸೌಮ್ಯವಾದ ಅದಲುಬದಲು ಶರೀರದಲ್ಲಿ ಮಾರಕವಾಗುವ ಬಗೆ ಇದು. ಹಟ್ಟಿಯ ಚಿನ್ನದ ಅದಿರಿನೊಡನೆ ಆರ್ಸೆನೋಪೈರೈಟ್ ಬೆರೆತಿರುವುದು ಗಣಿತಜ್ಞರಿಗೆ ತಿಳಿದ ವಿಷಯ. ಯಾದಗಿರಿ ಜಿಲ್ಲೆಯ ಮಂಗಳೂರು ಹಸಿರುಶಿಲಾ ಪಟ್ಟಿಯಲ್ಲಿ, ಹಳೆಯ ಚಿನ್ನದ ಗಣಿಯ ಪರಿಸರದ ಅಂತರ್ಜಲದಲ್ಲಿ ಆರ್ಸೆನಿಕ್ ಸೇರಿ ಜನರ ಆರೋಗ್ಯ ಕೆಟ್ಟುದನ್ನು 2013ರಲ್ಲಿ ಪ್ರಕಟವಾದ ಅಧ್ಯಯನ ದಾಖಲಿಸಿದೆ. ಆರ್ಸೆನಿಕ್ ಯಾವ ಖನಿಜದಲ್ಲಿ, ಯಾವ ರೂಪದಲ್ಲಿ ಬಂಧಿತವಾಗಿದೆ ಎಂಬ ವಿಚಾರ ಕೇವಲ ಸಂಗ್ರಾಹಕರ ಕುತೂಹಲವಲ್ಲ ಎಂಬುದಕ್ಕೆ ಇಷ್ಟು ಸಾಕು.

ನಮ್ಮ ಪರಂಪರೆಯ ರಸಶಾಸ್ತ್ರಕ್ಕೆ ಆರ್ಸೆನಿಕ್ ಅಪರಿಚಿತವಾಗಿರಲಿಲ್ಲ. ಹಳದಿಯ ಹರಿತಾಳ, ಕೆಂಪಿನ ಮನಶ್ಶಿಲೆ, ಬಿಳಿಯ ಗೌರೀಪಾಷಾಣ ಇವು ಮೂರೂ ಆರ್ಸೆನಿಕ್‌ನ ಸಂಯುಕ್ತಗಳೇ. ಮೊದಲಿನ ಎರಡು ಗಂಧಕದೊಡನೆ, ಮೂರನೆಯದು ಆಮ್ಲಜನಕದೊಡನೆ ಕೂಡಿದುದು. ಆದರೆ ಆರ್ಸೆನೇಟ್ ಖನಿಜಗಳಿಗೆ ನಮ್ಮಲ್ಲಿ ಪ್ರತ್ಯೇಕ ದೇಸೀ ಹೆಸರುಗಳು ರೂಢಿಯಲ್ಲಿ ಕಾಣವು. ಬಣ್ಣದಿಂದಲೋ, ಸುಟ್ಟಾಗ ಏಳುವ ಹೊಗೆಯಿಂದಲೋ ಗುರುತು ಹಿಡಿಯುವ ಪದ್ಧತಿಗೆ ಸೀತಾಪಾರಿನ ಈ ಮಂಕು ಬಿಳಿಕಲ್ಲು ಸಿಕ್ಕುವಂತಹುದಲ್ಲ.

ಜೊತೆಗಾರ ತಿಲಸೈಟ್

ಅದೇ 1911ರ ಪ್ರಬಂಧದ ಎರಡನೆಯ ಖನಿಜ ತಿಲಸೈಟ್. ಇದು ಹೊಸದಾಗಿರಲಿಲ್ಲ. ಸ್ವೀಡನ್ನಿನ ಲಾಂಗ್‌ಬಾನ್ ಗಣಿಯಿಂದ ಇದನ್ನು 1895ರಲ್ಲಿ ಯಾಲ್ಮಾರ್ ಶೋಗ್ರೆನ್ ವರ್ಣಿಸಿ, 18ನೆಯ ಶತಮಾನದ ಗಣಿತಜ್ಞ ದಾನಿಯೆಲ್ ತಿಲಾಸನ ಹೆಸರಿಟ್ಟಿದ್ದ. ಕ್ಯಾಲ್ಸಿಯಂ, ಮೆಗ್ನೀಸಿಯಂ, ಆರ್ಸೆನೇಟ್, ಫ್ಲೋರಿನ್ ಇವು ಒಂದೊಂದು ಪಾಲು ಸೇರಿದ ಸರಳ ಸೂತ್ರ ಇದರದು. ಕಾಠಿಣ್ಯ 5, ಸಾಂದ್ರತೆ ಸುಮಾರು 3.77, ಬಣ್ಣ ಬೂದಿಯಿಂದ ನೇರಳೆಗೂ ಹಸಿರಿಗೂ ತಿರುಗುವುದುಂಟು. ಭಾರತದಲ್ಲಿ ಇದು ದೊರೆತದ್ದು ಕಜಲೀಡೋಂಗ್ರಿಯಲ್ಲಿ, ಬ್ರೌನೈಟ್ ಅದಿರಿನ ಸಹವಾಸದಲ್ಲಿ. ಮುಂದೆ ಅಮೆರಿಕದ ಅರಿಝೋನಾದ ಬಿಸ್ಬಿ, ಮ್ಯಾಸಿಡೋನಿಯಾದ ನೆಝಿಲೋವೊ ಮೊದಲಾದ ಕೆಲವೇ ಸ್ಥಳಗಳಲ್ಲಿ ತಿಲಸೈಟ್ ಕಂಡುಬಂದಿತು.

ಇದರ ಸ್ಫಟಿಕದ ಸಮಮಿತಿಯ ವಿವಾದ ದೀರ್ಘಕಾಲ ನಡೆಯಿತು. 1972ರಲ್ಲಿ ಕ್ಷ-ಕಿರಣಗಳಿಂದ ಅದರ ರಚನೆಯನ್ನು ಬಿಡಿಸಿದಾಗ ಸಮಮಿತಿಯ ಕೇಂದ್ರವಿಲ್ಲದ ವರ್ಗಕ್ಕೆ ಅದು ಸೇರಿತು. 1994ರಲ್ಲಿ ನೆಝಿಲೋವೊದ ಮಾದರಿಯಲ್ಲಿ ಕೇಂದ್ರ ಉಂಟೆಂದು ವರದಿಯಾಯಿತು. ಹೆಸರು ಮಾತ್ರ ಅಲುಗಲಿಲ್ಲ. ಒಂದೇ ಪ್ರಬಂಧದಲ್ಲಿ ಜೊತೆಯಾಗಿ ಭಾರತದಿಂದ ವರದಿಯಾದ ಎರಡು ಆರ್ಸೆನೇಟುಗಳಲ್ಲಿ ಸ್ವೀಡನ್ನಿನ ಹೆಸರು ಹೊತ್ತುದು ಉಳಿಯಿತು, ಭಾರತದ ಕೆಲಸದ ನೆನಪಿಗೆ ಇಟ್ಟುದು ಹೋಯಿತು.

ಮ್ಯಾಂಗನೀಸ್ ಇದ್ದಲ್ಲಿ ಆರ್ಸೆನೇಟುಗಳು ಏಕೆ? ಲಾಂಗ್‌ಬಾನ್ ಆಗಲಿ, ಕಜಲೀಡೋಂಗ್ರಿಯಾಗಲಿ, ಸೀತಾಪಾರ್ ಆಗಲಿ ಎಲ್ಲವೂ ರೂಪಾಂತರಗೊಂಡ ಮ್ಯಾಂಗನೀಸ್ ನಿಕ್ಷೇಪಗಳು ಎಂಬುದು ಆಕಸ್ಮಿಕವಲ್ಲ. ಮ್ಯಾಂಗನೀಸ್ ಮತ್ತು ಕಬ್ಬಿಣದ ಆಕ್ಸೈಡುಗಳು ನೀರಿನಲ್ಲಿ ಕರಗಿರುವ ಆರ್ಸೆನಿಕ್ಕನ್ನು ತಮ್ಮ ಮೇಲ್ಮೈಗೆ ಬಲವಾಗಿ ಸೆಳೆದುಕೊಳ್ಳುತ್ತವೆ. ಮ್ಯಾಂಗನೀಸ್ ಆಕ್ಸೈಡಂತೂ ಅದನ್ನು ಉತ್ಕರ್ಷಿಸಿ ಆರ್ಸೆನೇಟ್ ರೂಪಕ್ಕೆ ತರುತ್ತದೆ. ಆರ್ಸೆನಿಕ್ ಬೆರೆತ ಕುಡಿಯುವ ನೀರಿನ ಶುದ್ಧೀಕರಣದಲ್ಲಿ ಇಂಥ ಆಕ್ಸೈಡುಗಳನ್ನು ಬಳಸುವುದೂ ಇದೇ ಗುಣದಿಂದ. ಪ್ರಾಚೀನ ಸಮುದ್ರತಳದಲ್ಲಿ ಮ್ಯಾಂಗನೀಸ್ ಕೆಸರು ಶೇಖರವಾಗುವಾಗ ಹೀಗೆ ಅಂಟಿಕೊಂಡ ಆರ್ಸೆನಿಕ್, ಆ ಕೆಸರು ಕೋಟ್ಯಂತರ ವರ್ಷಗಳ ಬಳಿಕ ಭೂಗರ್ಭದಲ್ಲಿ ಬೇಯುವಾಗ ಬಿಡುಗಡೆಯಾಗಿ ಸುತ್ತಲಿನ ಕ್ಯಾಲ್ಸಿಯಂ, ಮೆಗ್ನೀಸಿಯಂ, ಸ್ಟ್ರಾನ್ಷಿಯಂಗಳೊಡನೆ ಕೂಡಿ ಸ್ವತಂತ್ರ ಖನಿಜವಾಗುತ್ತದೆ. ಅದಿರಿನಲ್ಲಿ ಉತ್ಕರ್ಷಣದ ವಾತಾವರಣ ಉಳಿದಿರುವುದರಿಂದ ಅದು ಗಂಧಕದ ಸಂಯುಕ್ತವಾಗದೆ ಆರ್ಸೆನೇಟಾಗಿಯೇ ನಿಲ್ಲುತ್ತದೆ. ರಂಜಕವೂ ಹತ್ತಿರದಲ್ಲಿದ್ದರೆ ಫರ್ಮೊರೈಟಿನಂಥ ಮಿಶ್ರಣ ಹುಟ್ಟುತ್ತದೆ. ಸೀತಾಪಾರಿನ ಮಾದರಿ ಚಿಕ್ಕದಾದರೂ ಈ ದೀರ್ಘ ಪ್ರಕ್ರಿಯೆಯ ಸಾಕ್ಷಿಯಾಗಿರುವುದೇ ಅದರ ವೈಜ್ಞಾನಿಕ ಮೌಲ್ಯ.

ಹೆಸರು ಹೋದ ಬಗೆ

ಅಂತರರಾಷ್ಟ್ರೀಯ ಖನಿಜವಿಜ್ಞಾನ ಸಂಘ 1958ರಲ್ಲಿ ಸ್ಥಾಪನೆಯಾದ ಮೇಲೆ ಹೆಸರಿಡುವ ಕೆಲಸ ವ್ಯಕ್ತಿಗಳ ಕೈಯಿಂದ ಆಯೋಗದ ಕೈಗೆ ಬಂದಿತು. ಅದಕ್ಕೆ ಮುಂಚೆ ಇಟ್ಟ ಹೆಸರುಗಳು ಪರಂಪರೆಯ ಬಲದಿಂದ ನಿಂತವು. ಫರ್ಮೊರೈಟ್ ಆ ಬಲದಿಂದಲೇ ಎಂಟು ದಶಕ ಪ್ರಶ್ನೆಯಿಲ್ಲದೆ ಉಳಿಯಿತು. 1980ರಲ್ಲಿ ಅಮೆರಿಕದ ನ್ಯೂಜೆರ್ಸಿಯ ಫ್ರಾಂಕ್ಲಿನ್ ಗಣಿಯಿಂದ ಕ್ಯಾಲ್ಸಿಯಂ, ಆರ್ಸೆನೇಟ್ ಮತ್ತು ಹೈಡ್ರಾಕ್ಸಿಲ್‌ಗಳ ಅಪಟೈಟ್ ಜಾತಿಯ ಖನಿಜವೊಂದು ವರ್ಣಿತವಾಗಿ, ಅಲ್ಲಿನ ಭೂವಿಜ್ಞಾನಿ ಜಾನ್ ಬೌಮ್‌ನ ಹೆಸರಿನಲ್ಲಿ 'ಜಾನ್‌ಬೌಮೈಟ್' ಎನಿಸಿತು. ಫ್ಲೋರಿನ್ ಪ್ರಧಾನವಾದ ಇದರ ಸೋದರ ಸ್ವಾಬೈಟನ್ನು ತಿಲಸೈಟಿಗೆ ಹೆಸರಿಟ್ಟ ಶೋಗ್ರೆನ್ನನೇ 1891ರಲ್ಲಿ ವರ್ಣಿಸಿದ್ದ. ಹೀಗೆ ಫರ್ಮೊರೈಟಿನ ಎರಡೂ ಪಕ್ಕದಲ್ಲಿ ಶುದ್ಧ ಆರ್ಸೆನೇಟುಗಳು ಬಂದು ನಿಂತವು.

1991ರಲ್ಲಿ ಹ್ಯೂಸ್ ಮತ್ತು ಡ್ರೆಕ್ಸ್‌ಲರ್ ಎಂಬ ಅಮೆರಿಕದ ವಿದ್ವಾಂಸರು ಫರ್ಮೊರೈಟಿನ ಮೂಲಮಾದರಿಯನ್ನೇ ಕ್ಷ-ಕಿರಣ ಪರೀಕ್ಷೆಗೆ ಒಳಪಡಿಸಿದರು. ಸಾಮಾನ್ಯ ಅಪಟೈಟ್ ಷಡ್ಭುಜೀಯ ವರ್ಗದ್ದು. ಸೀತಾಪಾರಿನ ಖನಿಜ ಷಡ್ಭುಜೀಯದಂತೆ ಕಂಡರೂ ವಾಸ್ತವವಾಗಿ ಏಕನತ ವರ್ಗಕ್ಕೆ ಸೇರಿದ್ದೆಂದು ಅವರು ತೋರಿಸಿದರು. ಜಾಲರಿಯ ಈ ಓರೆ ಬಹು ಅಲ್ಪ. 1911ರ ಉಪಕರಣಗಳಿಗೆ ಅದು ಕಾಣುವಂತಿರಲಿಲ್ಲ. ಕ್ಷ-ಕಿರಣಗಳಿಂದ ಸ್ಫಟಿಕವನ್ನು ಪರೀಕ್ಷಿಸುವ ವಿದ್ಯೆಯೇ ಹುಟ್ಟಿದ್ದು 1912ರಲ್ಲಿ. ಆ ಕ್ಷಣಕ್ಕೆ ಈ ಶೋಧ ಫರ್ಮೊರೈಟಿನ ಪ್ರತ್ಯೇಕತೆಯನ್ನು ಬಲಪಡಿಸಿದಂತೆ ತೋರಿತು. ಆದರೆ ಹೆಸರಿಗೆ ಕುತ್ತು ಬಂದದ್ದು ಇದೇ ದಾರಿಯಿಂದ.

2010ರಲ್ಲಿ ಅಪಟೈಟ್ ಮಹಾಸಮೂಹದ ಸಮಗ್ರ ನಾಮಕರಣವನ್ನು ಆಯೋಗದ ಅನುಮೋದನೆಯೊಂದಿಗೆ ಪ್ರಕಟಿಸಲಾಯಿತು. ಅದರ ಹಿಂದಿನ ತತ್ತ್ವ ಸರಳ. ಜಾಲರಿಯ ಒಂದೊಂದು ಸ್ಥಾನದಲ್ಲಿ ಯಾವ ಧಾತು ಪ್ರಧಾನವೋ ಅದೇ ಜಾತಿಯನ್ನು ನಿರ್ಣಯಿಸಬೇಕು. ಅಲ್ಪಪ್ರಮಾಣದ ಬೆರಕೆಗೆ ಪ್ರತ್ಯೇಕ ಹೆಸರು ಸಲ್ಲದು. ಜಾಲರಿಯ ಸೂಕ್ಷ್ಮ ಓರೆಯಿಂದಷ್ಟೇ ಭಿನ್ನವಾದ ರೂಪಗಳನ್ನು ಮೂಲ ಹೆಸರಿಗೆ ಒಂದು ಅಕ್ಷರ ಸೇರಿಸಿ ಸೂಚಿಸಬೇಕು. ಈ ಮಾನದಂಡದಲ್ಲಿ ಫರ್ಮೊರೈಟ್ 'ಜಾನ್‌ಬೌಮೈಟ್-ಎಂ' ಆಯಿತು. ಅಂದರೆ ಕ್ಯಾಲ್ಸಿಯಂ, ಆರ್ಸೆನೇಟ್, ಹೈಡ್ರಾಕ್ಸಿಲ್‌ಗಳ ಜಾತಿ, ಅದರ ಏಕನತ ರೂಪ. ಕ್ಯಾಲ್ಸಿಯಮ್ಮಿನ ಮುಂದೆ ಗೌಣವಾದ ಸ್ಟ್ರಾನ್ಷಿಯಂ ಹೆಸರಿನ ಅರ್ಥದಿಂದ ಸಂಪೂರ್ಣ ಹೊರಬಿದ್ದಿತು. ರಂಜಕದ ಪಾಲೂ ಅಷ್ಟೇ. ಕ್ಲೈನೋಮಿಮೆಟೈಟ್ ಎಂಬ ಇನ್ನೊಂದು ಹೆಸರೂ ಇದೇ ಸಂದರ್ಭದಲ್ಲಿ 'ಮಿಮೆಟೈಟ್-ಎಂ' ಆಗಿ ಬದಲಾದುದರಿಂದ ಇದನ್ನು ಪಕ್ಷಪಾತವೆಂದು ಹೇಳುವಂತಿಲ್ಲ.

ತತ್ತ್ವ ಸರಿಯಾದುದೇ. ಪ್ರತಿಯೊಂದು ಮಿಶ್ರಣಕ್ಕೂ ಹೆಸರಿಡುತ್ತ ಹೋದರೆ ಖನಿಜಗಳ ಪಟ್ಟಿಗೆ ಕೊನೆಯೇ ಇರದು. ಆದರೆ ಪ್ರಸ್ತುತ ಲೇಖಕನ ಅಭಿಪ್ರಾಯದಲ್ಲಿ ಒಂದು ಅಂಶ ಚರ್ಚೆಗೆ ಅರ್ಹವಾಗಿದೆ. ಫರ್ಮೊರೈಟಿನ ಹೆಸರು ಜಾನ್‌ಬೌಮೈಟಿಗಿಂತ ಎಪ್ಪತ್ತು ವರ್ಷ ಹಿರಿಯದು. ಎರಡೂ ಒಂದೇ ಜಾತಿಯ ಎರಡು ರೂಪಗಳೆಂದು ತೀರ್ಮಾನಿಸಿದ ಮೇಲೆ ಹಿರಿಯ ಹೆಸರಿಗೆ ಆದ್ಯತೆ ಕೊಡಬಹುದಿತ್ತು ಎಂಬ ವಾದಕ್ಕೆ ಎಡೆಯಿದೆ. ಇದಕ್ಕೆ ಪ್ರತಿವಾದವೂ ಪ್ರಬಲವೇ. ಫರ್ಮೊರೈಟ್ ಎಂಬ ಹೆಸರು ಹುಟ್ಟಿನಿಂದಲೇ ಸ್ಟ್ರಾನ್ಷಿಯಂ ಮತ್ತು ರಂಜಕ ಬೆರೆತ ಒಂದು ನಿರ್ದಿಷ್ಟ ಸಂಯೋಜನೆಗೆ ಅಂಟಿಕೊಂಡುದು. ಅದನ್ನು ಶುದ್ಧ ಆರ್ಸೆನೇಟಿಗೆ ಹೊಂದಿಸಿದರೆ ಹಳೆಯ ಬರೆಹಗಳ ಅರ್ಥ ಗೊಂದಲಕ್ಕೀಡಾಗುತ್ತಿತ್ತು. ಆಯೋಗ ಎರಡನೆಯ ದಾರಿ ಹಿಡಿದುದನ್ನು ತಪ್ಪೆನ್ನಲಾಗದು. ಆದರೂ ಅದರ ಬೆಲೆ ಯಾರ ಪಾಲಿಗೆ ಬಿದ್ದಿತೆಂಬುದನ್ನು ಇತಿಹಾಸಕಾರ ಬರೆದಿಡಬೇಕು.

ಬೆಲೆ ಬಿದ್ದುದು ಮುಖ್ಯವಾಗಿ ಸೀತಾಪಾರಿನ ಪಾಲಿಗೆ. ಫರ್ಮರ್ ಆ ಊರಿನ ಹೆಸರಿನಲ್ಲಿ ಇಟ್ಟಿದ್ದ 'ಸೀತಾಪರೈಟ್' ಮೊದಲೇ ಹೋಗಿತ್ತು. 1897ರಲ್ಲಿ ಅಮೆರಿಕದ ಯೂಟಾದಿಂದ ವರ್ಣಿತವಾಗಿದ್ದ ಬಿಕ್ಸ್‌ಬೈಟ್ ಮತ್ತು ಸೀತಾಪರೈಟ್ ಒಂದೇ ಎಂದು ಸಿದ್ಧವಾದಾಗ ಆದ್ಯತೆಯ ನಿಯಮದ ಪ್ರಕಾರ ಹಿರಿಯ ಹೆಸರು ಗೆದ್ದಿತು. ಅಲ್ಲಿ ಹಿರಿತನ ಸೀತಾಪಾರಿಗೆ ವಿರುದ್ಧವಾಗಿ ಕೆಲಸ ಮಾಡಿತು. 2010ರಲ್ಲಿ ಹಿರಿತನ ಅದರ ಪರವಾಗಿದ್ದಾಗ ಬೇರೊಂದು ನಿಯಮ ಮೇಲುಗೈ ಪಡೆಯಿತು. ಎರಡೂ ತೀರ್ಪುಗಳು ತಮ್ಮತಮ್ಮ ಸಂದರ್ಭದಲ್ಲಿ ಸಮರ್ಥನೀಯ. ಫಲಿತಾಂಶ ಮಾತ್ರ ಒಂದೇ: ಎರಡು ಖನಿಜಗಳ ಮೂಲಕ ವಿಜ್ಞಾನದ ಭೂಪಟಕ್ಕೆ ಬಂದಿದ್ದ ಊರಿಗೆ ಸಂಬಂಧಿಸಿದ ಎರಡು ಹೆಸರುಗಳೂ ಇಂದು ಪಟ್ಟಿಯಲ್ಲಿಲ್ಲ.

ಫರ್ಮರ್ ಇಟ್ಟ ಉಳಿದ ಹೆಸರುಗಳ ಗತಿಯೂ ಮಿಶ್ರವೇ. ವ್ರೆಡೆನ್‌ಬರ್ಗೈಟ್ ಎರಡು ಖನಿಜಗಳ ಹೆಣಿಗೆಯೆಂದು ತಿಳಿದಾಗ ಜಾತಿಯ ಸ್ಥಾನ ಕಳೆದುಕೊಂಡಿತು. ಬ್ಲಾನ್‌ಫರ್ಡೈಟ್ ಪೈರಾಕ್ಸೀನಿನ ಒಂದು ಬಗೆಯಾಗಿ ಇಳಿಯಿತು. ವಿಂಚೈಟ್ ಆಂಫಿಬೋಲ್ ವರ್ಗದಲ್ಲಿ ಮೂಲನಾಮವಾಗಿ ನಿಂತಿದೆ. ಎಲ್ಲಕ್ಕಿಂತ ಭಾಗ್ಯಶಾಲಿ ಹಾಲಂಡೈಟ್. ಅದರ ಜಾಲರಿಯಲ್ಲಿರುವ ಸುರಂಗದಂಥ ಓಣಿಗಳಲ್ಲಿ ದೊಡ್ಡ ಪರಮಾಣುಗಳು ಭದ್ರವಾಗಿ ಕೂರುವುದರಿಂದ, ಪರಮಾಣು ಸ್ಥಾವರಗಳ ವಿಕಿರಣಶೀಲ ತ್ಯಾಜ್ಯವನ್ನು ಕೃತಕ ಶಿಲೆಯಲ್ಲಿ ಬಂಧಿಸುವ ಯೋಜನೆಯಲ್ಲಿ 1970ರ ದಶಕದಿಂದ ಆ ರಚನೆಗೆ ಹೊಸ ಮಹತ್ತ್ವ ಬಂದಿದೆ. ಫರ್ಮೊರೈಟಿಗೆ ಹೆಸರಿಟ್ಟವರ ಕಥೆಯೂ ಕುತೂಹಲಕರವಾಗಿದೆ. ಪ್ರಯರ್‌ನ ಹೆಸರಿನಲ್ಲಿದ್ದ 'ಪ್ರಯೊರೈಟ್' ಕೂಡ ನಾಮಕರಣದ ಸುಧಾರಣೆಯಲ್ಲಿ ಎಸ್ಕಿನೈಟ್ ವರ್ಗದಲ್ಲಿ ಲೀನವಾಯಿತು. ಸ್ಮಿತ್‌ನ ಹೆಸರು ಮಾತ್ರ 2004ರಲ್ಲಿ ಚಿಲಿಯ ತಾಮ್ರ ಮತ್ತು ಸತುವಿನ ಖನಿಜವೊಂದಕ್ಕೆ 'ಹರ್ಬರ್ಟ್‌ಸ್ಮಿತೈಟ್' ಎಂದು ಹೊಸದಾಗಿ ಬಂದಿತು. ಅದರ ವಿಚಿತ್ರ ಕಾಂತಗುಣದಿಂದಾಗಿ ಭೌತವಿಜ್ಞಾನಿಗಳು ಅದನ್ನು ಬೆನ್ನುಹತ್ತಿದ್ದಾರೆ.

ಉಳಿದಿರುವ ಕುರುಹುಗಳು

ಫರ್ಮರ್ 1932ರಿಂದ 1935ರವರೆಗೆ ಸರ್ವೇಕ್ಷಣ ಸಂಸ್ಥೆಯ ನಿರ್ದೇಶಕನಾಗಿದ್ದ. 1934ರಲ್ಲಿ ರಾಯಲ್ ಸೊಸೈಟಿಯ ಸದಸ್ಯತ್ವ ಪಡೆದ. 1935ರಲ್ಲಿ ಸ್ಥಾಪನೆಯಾದ ಭಾರತದ ರಾಷ್ಟ್ರೀಯ ವಿಜ್ಞಾನ ಸಂಸ್ಥೆಯ, ಅಂದರೆ ಮುಂದೆ ಭಾರತೀಯ ರಾಷ್ಟ್ರೀಯ ವಿಜ್ಞಾನ ಅಕಾಡೆಮಿಯಾದ ಸಂಸ್ಥೆಯ, ಮೊದಲ ಅಧ್ಯಕ್ಷನೂ ಅವನೇ. ಅವನು ತೀರಿಕೊಂಡದ್ದು 1954ರಲ್ಲಿ. ಪ್ರವಾಸಸಾಹಿತ್ಯದಲ್ಲಿ ದೊಡ್ಡ ಹೆಸರು ಮಾಡಿದ ಪ್ಯಾಟ್ರಿಕ್ ಲೀ ಫರ್ಮರ್ ಇವನ ಮಗ. ತಂದೆಯ ಹೆಸರಿನ ಖನಿಜವೊಂದಿದೆ ಎಂಬುದನ್ನು ಮಗ ತನ್ನ ಬರೆಹದಲ್ಲಿ ನೆನೆದಿದ್ದಾನೆ. ಆ ಮಗ ತೀರಿಕೊಂಡದ್ದು 2011ರಲ್ಲಿ, ಖನಿಜದ ಹೆಸರು ಹೋದ ಮರುವರ್ಷ.

ಖನಿಜದಲ್ಲಿ ಅಳಿದ ಹೆಸರು ನೆಲದ ಮೇಲೆ ಉಳಿದಿರುವುದು ದಕ್ಷಿಣ ಭಾರತದಲ್ಲಿ. ನಿವೃತ್ತಿಯ ಅನಂತರ, 1936ರಿಂದ ಪ್ರಕಟವಾದ ತನ್ನ ಸ್ಮರಣಗ್ರಂಥದಲ್ಲಿ ಫರ್ಮರ್ ಪರ್ಯಾಯ ದ್ವೀಪದ ಪ್ರಾಚೀನ ಶಿಲೆಗಳನ್ನು ಚಾರ್ನಕೈಟ್ ಇರುವ ಪ್ರದೇಶ, ಇಲ್ಲದ ಪ್ರದೇಶ ಎಂದು ವಿಂಗಡಿಸಿದ. ಇವೆರಡರ ನಡುವಿನ ಗಡಿಯನ್ನು ಭೂವಿಜ್ಞಾನಿಗಳು 'ಫರ್ಮರ್ ರೇಖೆ' ಎಂದು ಕರೆಯುತ್ತಾರೆ. ಅದು ಹಾದುಹೋಗುವುದು ಕರ್ನಾಟಕದ ದಕ್ಷಿಣ ಭಾಗದ ಮೂಲಕ. ಉತ್ತರಕ್ಕೆ ಬೂದುಬಣ್ಣದ ನೈಸ್, ದಕ್ಷಿಣಕ್ಕೆ ಹಸಿರುಗಪ್ಪಿನ ಚಾರ್ನಕೈಟ್. ಈ ಗಡಿವಲಯದ ಕಬ್ಬಾಳದುರ್ಗದಲ್ಲಿ ನೈಸ್ ಕಲ್ಲು ಚಾರ್ನಕೈಟಾಗಿ ಮಾರ್ಪಡುತ್ತಿರುವ ಹಂತವನ್ನೇ ಒಂದೇ ಬಂಡೆಯಲ್ಲಿ ಗುರುತಿಸಿ ಮೈಸೂರಿನ ಭೂವಿಜ್ಞಾನಿ ಸಿ. ಎಸ್. ಪಿಚ್ಚಮುತ್ತು 1960ರಲ್ಲಿ 'ನೇಚರ್' ಪತ್ರಿಕೆಯಲ್ಲಿ ವರದಿ ಮಾಡಿದರು. ಫರ್ಮರ್ ಎರಡು ಪ್ರದೇಶಗಳ ನಡುವಿನ ಗಡಿಯೆಂದು ಎಳೆದುದು, ಭೂಗರ್ಭದಲ್ಲಿ ಕ್ರಮೇಣ ಏರುವ ಶಾಖ ಮತ್ತು ಒತ್ತಡಗಳ ಮೆಟ್ಟಿಲೆಂದು ಅಲ್ಲಿಂದ ಮುಂದೆ ಸ್ಪಷ್ಟವಾಯಿತು.

ಕೊನೆಯದಾಗಿ ಸೂಚೀಕರಣದ ವಿಷಯ. ಹಳೆಯ ಗ್ರಂಥಗಳಲ್ಲಿ, ಕಾಲೇಜು ಸಂಗ್ರಹಗಳ ಚೀಟಿಗಳಲ್ಲಿ 'ಫರ್ಮೊರೈಟ್' ಎಂದೇ ಇರುತ್ತದೆ. 2010ರ ಅನಂತರದ ಪಟ್ಟಿಗಳಲ್ಲಿ 'ಜಾನ್‌ಬೌಮೈಟ್-ಎಂ' ಎಂದು ಹುಡುಕಿದವರಿಗೆ ಮಾತ್ರ ಸೀತಾಪಾರ್ ಸಿಕ್ಕುತ್ತದೆ. ಹಳೆಯ ಚೀಟಿಯನ್ನು ಕಿತ್ತು ಹೊಸದನ್ನು ಅಂಟಿಸುವುದು ಸಂಗ್ರಹಾಲಯದ ಶಿಸ್ತಿಗೆ ಹೊಂದುವುದಿಲ್ಲ. ಮೂಲ ಚೀಟಿಯನ್ನು ಹಾಗೆಯೇ ಉಳಿಸಿ, ಪಕ್ಕದಲ್ಲಿ ಹೊಸ ಹೆಸರು, ಅದು ಬದಲಾದ ವರ್ಷ, ಮೂಲಸ್ಥಳ ಇವನ್ನು ದಾಖಲಿಸುವುದು ಒಳಿತು. ಗ್ರಂಥಸೂಚಿಯಲ್ಲಿ ಫರ್ಮೊರೈಟ್, ಜಾನ್‌ಬೌಮೈಟ್-ಎಂ, ಸೀತಾಪಾರ್ ಈ ಮೂರು ನಮೂದುಗಳ ನಡುವೆ ಪರಸ್ಪರ ನಿರ್ದೇಶನ ಇರಬೇಕು. ಸೀತಾಪರೈಟ್ ಮತ್ತು ಬಿಕ್ಸ್‌ಬೈಟ್‌ಗಳ ವಿಷಯದಲ್ಲಿಯೂ ಇದೇ ಕ್ರಮ ಅನ್ವಯಿಸುತ್ತದೆ.